ಗೂಳಪ್ಪನ ಮುಚ್ಚಳ

ನಮ್ಮ ಊರಿನಲ್ಲಿ ಹೆಣ್ಣು ಕೊಡುವಾಗ ಮೊದಲು ಕೇಳುವುದು ಹೊಲ-ಮನೆಯಲ್ಲ, ತಡ. ಹುಡುಗನ ತಡ ಎಷ್ಟು, ಹುಡುಗಿಯದು ಎಷ್ಟು ಎಂದು. ಆಡಿದ ಮಾತು ಆಡಿದ ಕೂಡಲೇ ಕೇಳುವ ಭಾಗ್ಯ ನಮ್ಮಲ್ಲಿ ಕೆಲವರಿಗಷ್ಟೇ ಇದೆ. ಉಳಿದವರ ಮಾತು ಅವರವರ ತಡ ಕಳೆದ ಮೇಲೆ, ಎಲ್ಲಿ ನಿಂತು ಆಡಿದ್ದರೋ ಅದೇ ಜಾಗದಲ್ಲಿ ಬರುತ್ತದೆ. ನನ್ನ ಹೆಂಡತಿ ನೀಲವ್ವನ ತಡ ಸಾಸಿವೆ ಸಿಡಿಯುವಷ್ಟು. ನನ್ನದು ಅನ್ನ ಬೇಯುವಷ್ಟು. ನಮ್ಮಪ್ಪನದೂ ಅಷ್ಟೇ ಇತ್ತು, ಅವನಪ್ಪನದೂ ಅಷ್ಟೇ. ಹೀಗಾಗಿ ನಮ್ಮ ಮನೆಯ ಜಗಳ ಒಂದು ತರಹ. ಅವಳು ಬೈದು, ಅತ್ತು, ಮುಖ ತೊಳೆದು, ನನಗೆ ರೊಟ್ಟಿ ಬಡಿಸಿ ಎದುರಿಗೆ ಕೂತ ಮೇಲೆ, ಅಡುಗೆಮನೆಯ ಬಾಗಿಲಲ್ಲಿ ನನ್ನ ಬೈಗುಳ ಶುರುವಾಗುತ್ತದೆ. "ಬಂತು ನೋಡ್ರಿ ನಿಮ್ಮ ಮೆರವಣಿಗಿ" ಎಂದು ಅವಳು ನಗುತ್ತಾಳೆ. ನಾನು ತುತ್ತು ನುಂಗಲಾರದೆ ಕೂರುತ್ತೇನೆ. ಸಿಟ್ಟಿನ ಮನುಷ್ಯನಿಗೆ ಇಂಥ ತಡ ಕೊಟ್ಟ ದೇವರಿಗೆ ಎಷ್ಟೋ ಸಲ ಬೈದಿದ್ದೇನೆ. ಅದೂ ಅವನಿಗೆ ತಡವಾಗಿಯೇ ಮುಟ್ಟಿರಬೇಕು.

ಸಾಹೇಬರು, ಮ್ಯಾನೇಜರರು, ವಕೀಲರು, ಜಡ್ಜುಗಳು, ಇವರೆಲ್ಲ ತಡ ಇಲ್ಲದವರು. ತಡ ಇಲ್ಲವೆಂದು ಆ ಕುರ್ಚಿ ಸಿಕ್ಕಿತೋ, ಕುರ್ಚಿ ಸಿಕ್ಕ ಮೇಲೆ ತಡ ಹೋಯಿತೋ ನಾನು ಕಾಣೆ. ನಮ್ಮಂಥವರ ಮಾತನ್ನು ಅವರು ಕೂತು ಕೇಳಲಿ ಎಂದೇ ಹಿರಿಯರು ಲೋಟದ ಪದ್ಧತಿ ಮಾಡಿಟ್ಟಿದ್ದಾರೆ. ಒಬ್ಬನನ್ನು ಏನಾದರೂ ಕೇಳಿದರೆ ಅವನ ಮುಂದೆ ನೀರಿನ ಲೋಟ ಇಡಬೇಕು. ಅವನ ಮಾತೆಲ್ಲ ಬಂದು ಮುಗಿದ ಮೇಲೆ ಅವನು ನೀರು ಕುಡಿದು ಲೋಟವನ್ನು ತನ್ನ ಕೈಯಾರೆ ಬೋರಲು ಹಾಕಬೇಕು. ಅಲ್ಲಿಯವರೆಗೆ ಯಾರೂ ಏಳುವಂತಿಲ್ಲ. ಬೀಗರ ಮಾತುಕತೆಗೂ ಇದೇ, ಪಂಚಾಯ್ತಿಗೂ ಇದೇ. ಲೋಟ ಬೋರಲಾಗದೆ ಯಾರನ್ನೂ ಕೆಲಸದಿಂದ ತೆಗೆಯತಕ್ಕದ್ದಲ್ಲ ಎಂದು ಕಾನೂನಿನಲ್ಲೂ ಬರೆದಿದೆ. ನಾನು ಹಳ್ಳಿ ಸಾಲೆಯಲ್ಲಿ ಏಳನೆಯ ಇಯತ್ತೆ ಓದಿದವನು. ಕಾನೂನಿನಲ್ಲಿ ಬರೆದದ್ದೆಲ್ಲ ನಡೆಯುತ್ತದೆಂದು ನಂಬಿಕೊಂಡಿದ್ದೆ.

ನಾನು ಬರ್ಫದ ಕಾರ್ಖಾನೆಯಲ್ಲಿ ಮೆಷಿನ್ ನೋಡಿಕೊಳ್ಳುತ್ತಿದ್ದೆ. ಊರಿಗೆ ಅದೊಂದೇ ಬರ್ಫದ ಕಾರ್ಖಾನೆ. ಸೋಡಾ ಅಂಗಡಿಗೆ, ಮದುವೆ ಮನೆಗೆ, ದೂರದಿಂದ ಮಗ ಬರುವವರೆಗೆ ಹೆಣ ಇಟ್ಟುಕೊಳ್ಳುವ ಮನೆಗೆ, ಎಲ್ಲಕ್ಕೂ ನಮ್ಮದೇ ಬರ್ಫ. ಹೊರಗೆ ಬಿಸಿಲಿಗೆ ನಾಯಿ ನಾಲಿಗೆ ಚಾಚಿಕೊಂಡು ಬಿದ್ದಿದ್ದರೆ ಒಳಗೆ ನಾವು ಕಂಬಳಿ ಹೊದ್ದು ಕೆಲಸ ಮಾಡುತ್ತಿದ್ದೆವು. ಉಪ್ಪುನೀರಿನ ದೊಡ್ಡ ತೊಟ್ಟಿ, ಅದರಲ್ಲಿ ಇಳಿಬಿಟ್ಟ ತಗಡಿನ ಡಬ್ಬಿಗಳು, ಸುತ್ತ ಗ್ಯಾಸಿನ ಕೊಳವೆಗಳು. ತೊಟ್ಟಿಯ ಕೆಳಗೊಂದು ಗುಂಡಿ. ಸೋರಿದ ಉಪ್ಪುನೀರು ಅದರಲ್ಲಿ ನಿಲ್ಲುತ್ತದೆ, ಆಗಾಗ ಯಾರಾದರೂ ಇಳಿದು ಬಳಿಯಬೇಕು. ಆ ದಿನ ಯಂಕೋಬ ಇಳಿದಿದ್ದ. ಸಣಕಲು ಮನುಷ್ಯ, ಕಿವಿಗೆ ಕಂಬಳಿ ಸುತ್ತಿಕೊಂಡು ತನ್ನಷ್ಟಕ್ಕೆ ಬಳಿಯುತ್ತಿದ್ದ.

ಕೊಳವೆಯ ಬೆಸುಗೆ ಬಿಟ್ಟದ್ದು ನನ್ನ ಮೂಗಿಗೆ ಮೊದಲು ತಿಳಿಯಿತು. ಆ ಗ್ಯಾಸಿನ ವಾಸನೆ ಒಮ್ಮೆ ಕುಡಿದವನು ಸಾಯುವವರೆಗೆ ಮರೆಯುವುದಿಲ್ಲ, ಕಣ್ಣಿಗೆ ಮೆಣಸಿನಕಾಯಿ ಅರೆದು ಹಚ್ಚಿದ ಹಾಗೆ. ಅದು ಗುಂಡಿಯ ಮೇಲೇ ಸೋರುತ್ತಿತ್ತು. ಬೇರೆ ಯಾರಾದರೂ ಆಗಿದ್ದರೆ "ಯಂಕೋಬಾ, ಮ್ಯಾಲ ಬಾರೋ" ಎಂದು ಕೂಗುತ್ತಿದ್ದರು. ನಾನು ಕೂಗಿದರೆ? ಅನ್ನ ಬೇಯುವಷ್ಟು ಹೊತ್ತಿನಲ್ಲಿ ಯಂಕೋಬ ಹೆಣವಾಗಿರುತ್ತಿದ್ದ, ನನ್ನ ಕೂಗು ಹೆಣದ ಮೇಲೆ ಬಂದು ನಿಲ್ಲುತ್ತಿತ್ತು. ಡಬ್ಬಿ ಬಡಿಯೋಣವೆಂದರೆ ಮೆಷಿನ್ನಿನ ಗದ್ದಲದಲ್ಲಿ ಸಿಡಿಲು ಬಿದ್ದರೂ ಕೇಳುವುದಿಲ್ಲ. ಹಿಡಿಕೆ ಎಳೆದು ಮೆಷಿನ್ ನಿಲ್ಲಿಸಿದೆ. ಗ್ಯಾಸಿನ ನಲ್ಲಿ ತಿರುವಿದೆ. ಗುಂಡಿಗೆ ಬಗ್ಗಿ ಯಂಕೋಬನ ರಟ್ಟೆ ಹಿಡಿದು ಮೇಲಕ್ಕೆ ಎಳೆದು ಹಾಕಿದೆ. ಅವನು ಕೆಮ್ಮುತ್ತ ಗೋಡೆಗೆ ಒರಗಿ ಕೂತ.

ಮೆಷಿನ್ನಿನ ಸದ್ದು ನಿಂತದ್ದಕ್ಕೆ ಮ್ಯಾನೇಜರ್ ಶೇಷಗಿರಿ ಓಡಿ ಬಂದ. ಮಾಲೀಕರ ಹೊಸ ಅಳಿಯ ಅಂದು ಕಾರ್ಖಾನೆ ನೋಡಲು ಬರುವವನಿದ್ದ, ಮ್ಯಾನೇಜರ್ ಬೆಳಗಿನಿಂದ ಇಸ್ತ್ರಿ ಅಂಗಿಯಲ್ಲಿ ಒದ್ದಾಡುತ್ತಿದ್ದ. "ಯಾರನ್ನ ಕೇಳಿ ಬಂದ್ ಮಾಡಿದಿಯೋ? ನಿಮ್ಮಪ್ಪನ ಮೆಷಿನ್ ಏನದು? ಬರ್ಫ ಕರಗಿದ್ರ ನೀ ನೆಕ್ಕತೀಯೇನು?" ಎಂದ. ನಾನು ಬಾಯಿ ತೆರೆದು ಹೇಳಬೇಕಾದ್ದೆಲ್ಲ ಹೇಳಿದೆ. ನಿಂತು ಕೇಳಬೇಕಲ್ಲ! ಅವನು ಕೆಲಸಗಾರರ ಮಾತು ಬರುವವರೆಗೆ ನಿಂತವನೇ ಅಲ್ಲ. ಬಾಗಿಲ ಕಡೆ ಓಡಿದ. ಯಂಕೋಬನನ್ನು ಗಾಳಿಗೆ ಕರೆದುಕೊಂಡು ನಾನೂ ಹೊರಗೆ ಹೋದೆ. ಮುಂದಿನದನ್ನು ನಾನು ಕಣ್ಣಾರೆ ನೋಡಲಿಲ್ಲ, ಊರೆಲ್ಲ ನಕ್ಕು ನಕ್ಕು ಹೇಳಿದ್ದು. ಗ್ಯಾಸು ಹೋಗಲೆಂದು ಕಿಟಕಿ ತೆಗೆಸಿ, ಮ್ಯಾನೇಜರ್ ಅಳಿಯನನ್ನು ಅದೇ ಜಾಗಕ್ಕೆ ಕರೆತಂದು, "ಇಲ್ಲಿ ಎಲ್ಲರೂ ಒಂದ ಮನಿಯವರ ಹಂಗ ಅದೀವಿ ನೋಡ್ರಿ" ಎನ್ನುತ್ತಿರುವಾಗ, ಖಾಲಿ ಗಾಳಿಯಲ್ಲಿ ನನ್ನ ದನಿ ಬಂತಂತೆ: "ಏ ಬಾಡ್ಕೋ, ಗ್ಯಾಸ್ ಸೋರಾಕತ್ತೈತಿ, ಮೂಗ ಇಲ್ಲೇನ ನಿನಗ? ಊರಿಗೆಲ್ಲಾ ಹೆಣಾ ಇಡಾಕ ಬರ್ಫ ಮಾರ್ತೀಯಲ್ಲ, ಇವತ್ತ ಯಂಕೋಬನ ಹೆಣಾನೂ ಅದರಾಗ ಇಟ್ಟು ಅಳಿಯಗ ತೋರಸಾಂವ ಇದ್ದೀಯೇನು?"

ಅಳಿಯ ಮೂಗಿಗೆ ಕರವಸ್ತ್ರ ಹಿಡಿದು ಹೊರಟುಹೋದನಂತೆ. ನನ್ನ ಮೇಲೆ ಎರಡು ಆರೋಪ ಬಂದವು. ಅಪ್ಪಣೆ ಇಲ್ಲದೆ ಮೆಷಿನ್ ನಿಲ್ಲಿಸಿದ್ದು, ಮೇಲಿನವರಿಗೆ ಹೊಲಸು ಮಾತಾಡಿದ್ದು. ವಿಚಾರಣೆ ಮಾಡಲು ಕಂಪನಿಯವರು ಪತ್ತಾರ ವಕೀಲನನ್ನು ಕರೆಸಿದರು. ಅವನು ಕಂಪನಿಯ ಉಪ್ಪು ತಿನ್ನುವವನು, ಆದರೂ ವಿಚಾರಣೆಯ ಮಟ್ಟಿಗೆ ನಡುವಿನ ಮನುಷ್ಯನಂತೆ ಕೂತ. ಯಂಕೋಬನನ್ನು ಮೊದಲು ಕೇಳಿದರು. ಅವನು ನನ್ನ ಕಡೆ ನೋಡದೆ, "ನನಗ ಯಾವ ವಾಸನೀನೂ ಬರಲಿಲ್ರಿ, ನೆಗಡಿ ಆಗಿತ್ರಿ" ಎಂದ. ಅವನಿಗೆ ನೆಗಡಿ ಇರಲಿಲ್ಲ. ಮನೆಯಲ್ಲಿ ಹೆಣ್ಣುಮಕ್ಕಳ ಸಾಲು ಇತ್ತು. ನಾನು ಅವನ ಮೇಲೆ ಸಿಟ್ಟಾಗಬೇಕೆಂದು ಬಹಳ ಪ್ರಯತ್ನಪಟ್ಟೆ, ಆಗಲಿಲ್ಲ.

ಆಮೇಲೆ ನನ್ನ ಸರದಿ. ನೀರು ಕೊಡುವ ದುರಗವ್ವ ಲೋಟ ತಂದು ನನ್ನ ಮುಂದಿಟ್ಟಳು. ಕಾರ್ಖಾನೆಯಲ್ಲಿ ಕಸ ಗುಡಿಸಿ, ನೀರು ತುಂಬಿ, ಚಹಾ ಕೊಟ್ಟು ಬದುಕುವ ಹೆಣ್ಣುಮಗಳು ಅವಳು. ಗಂಡ ಸತ್ತ ಮೇಲೆ ಅವನ ಬದಲಿಗೆ ಸೇರಿದ್ದಳು. ಪತ್ತಾರ ವಕೀಲ ಕೇಳಿದ್ದಕ್ಕೆಲ್ಲ ನಾನು ಒಂದೇ ಉಸಿರಿನಲ್ಲಿ ಉತ್ತರ ಹೇಳಿದೆ. ಬೆಸುಗೆ ಬಿಟ್ಟದ್ದು, ಗುಂಡಿ, ನನ್ನ ತಡ, ಕೂಗಿದರೆ ಉಪಯೋಗವಿಲ್ಲದ್ದು. ಬೈದದ್ದನ್ನೂ ಒಪ್ಪಿಕೊಂಡೆ, ಮ್ಯಾನೇಜರ್ ಬೈಸಿಕೊಳ್ಳುವ ಕೆಲಸ ಮಾಡಿದ್ದಕ್ಕೆ ಬೈದೆ ಎಂದೆ. ಹೇಳಿ ಮುಗಿಸಿ, ಮಾತು ಬರಲೆಂದು ಕಾಯುತ್ತ ಕೂತೆ. ಬಿಸಿಲು ಸುಡುತ್ತಿತ್ತು, ಗಂಟಲು ಒಣಗಿತ್ತು, ಲೋಟದ ನೀರು ಕುಡಿದೆ. ಕುಡಿಯುವುದು ತಪ್ಪಲ್ಲ, ಬೋರಲು ಹಾಕುವುದೇ ಲೆಕ್ಕ. ಖಾಲಿ ಲೋಟಕ್ಕೊಂದು ನೊಣ ಬಿತ್ತು. ದುರಗವ್ವ ನೋಡಿ, "ಅಯ್ಯ, ಹೊಲಸು" ಎಂದು ಲೋಟ ಒಯ್ದು ತೊಳೆದು, ನೀರು ಬಸಿಯಲೆಂದು ದಿನಾ ಮಾಡುವ ಹಾಗೆ ಮೇಜಿನ ಮೇಲೆ ಬೋರಲು ಇಟ್ಟು, ಬೇರೆ ನೀರು ತರಲೆಂದು ಹೊರಗಿನ ಕೊಡದ ಹತ್ತಿರ ಹೋದಳು.

ಪತ್ತಾರ ವಕೀಲ ಗಡಿಯಾರ ನೋಡುತ್ತಿದ್ದವನು ತಲೆಯೆತ್ತಿ ಲೋಟ ನೋಡಿದ. "ಆತಲ್ಲ?" ಎಂದ. ಮ್ಯಾನೇಜರ್ "ಆತ್ರಿ" ಎಂದ. "ಆರೋಪಿ ಏನೂ ಹೇಳದೆ ಲೋಟ ಬೋರಲು ಹಾಕಿದ್ದಾನೆ" ಎಂದು ಬರೆದು ಎದ್ದುಬಿಟ್ಟ. ನಾನು "ನಿಂದರ್ರಿ" ಎಂದು ಅರಚಿದೆ. ಆ ಅರಚಿದ್ದೂ ಅನ್ನ ಬೇಯುವ ಹೊತ್ತಿಗೆ ಬರುವುದು! ಓಡಿಹೋಗಿ ಅವನ ಕೋಟಿನ ತೋಳು ಹಿಡಿದೆ. ಕೊಡವಿಕೊಂಡು ಹೋದ. ವಿಚಾರಣಾಧಿಕಾರಿಯ ಮೈಮೇಲೆ ಏರಿ ಹೋದದ್ದು ಎಂದು ಅದು ಮೂರನೆಯ ಆರೋಪವಾಯಿತು. ದುರಗವ್ವ ತಂಬಿಗೆ ಹಿಡಿದು ವಾಪಸು ಬಂದಾಗ ಕೋಣೆಯಲ್ಲಿ ನಾನೊಬ್ಬನೇ ಇದ್ದೆ. ಖಾಲಿ ಕುರ್ಚಿಗಳ ಮುಂದೆ ನನ್ನ ಮಾತು ಬರಲು ಶುರುವಾಯಿತು. ಅವಳು ತಂಬಿಗೆ ಕೆಳಗಿಡದೆ ನಿಂತು ಪೂರ್ತಿ ಕೇಳಿದಳು. ಕೊನೆಗೆ "ನಿಂದರ್ರಿ" ಎಂಬ ಅರಚಾಟವೂ ಬಂದು ಗೋಡೆಗೆ ಬಡಿಯಿತು. ಅವಳು ಬೆಚ್ಚಿ, ಮೇಜಿನ ಮೇಲಿನ ಲೋಟ ನೋಡಿ, ಬಾಯಿ ಮೇಲೆ ಸೆರಗು ಒತ್ತಿಕೊಂಡಳು. "ಅಣ್ಣಾ, ನನ್ನ ಕೈ ಸೇದಿ ಹೋಗ್ಲಿ" ಎಂದಳು. ನಾನು ಬೈಯಲಿಲ್ಲ. ಬೈದಿದ್ದರೂ ಅವಳು ಕೂತು ಕೇಳುತ್ತಿದ್ದಳು, ಆ ಮಾತು ಬೇರೆ.

ಕೆಲಸ ಹೋಯಿತು. ನೀಲವ್ವ, "ಬಿಡ್ರಿ, ಮೈಯಾಗ ಕಸುವು ಐತಿ, ಎಲ್ಲೆರ ದುಡದೀರಿ" ಎಂದಳು. ನನಗೆ ಬೇಕಾದದ್ದು ದುಡಿಮೆಯಲ್ಲ. ನನಗೆ ಆ ಮೆಷಿನ್ ಬೇಕಿತ್ತು. ಅದರ ಎದೆಬಡಿತ ಕೇಳಿ ಯಾವ ಬೋಲ್ಟು ಸಡಿಲಾಗಿದೆಯೆಂದು ಹೇಳುತ್ತಿದ್ದವನು ನಾನು, ಮಾತಿನ ಹಂಗಿಲ್ಲದೆ ನನ್ನೊಡನೆ ಬಾಳಿದ್ದು ಅದೊಂದೇ. ಜೊತೆಗೆ, ಗೂಳಪ್ಪ ಏನೂ ಹೇಳದೆ ಲೋಟ ಬೋರಲು ಹಾಕಿದ ಎಂದು ಬರೆದ ಆ ಒಂದು ಸಾಲು ನನ್ನ ಹೊಟ್ಟೆಯಲ್ಲಿ ಕೆಂಡದ ಹಾಗೆ ಕೂತಿತ್ತು. ಕೋರ್ಟಿಗೆ ಹೋದೆ.

ನನ್ನ ವಕೀಲ ಮಕಾನದಾರ. ಕೋಟಿನ ಮೊಣಕೈಗೆ ತೇಪೆ, ಬಾಯಲ್ಲಿ ಯಾವಾಗಲೂ ಅಡಿಕೆ. ಅವನದು ತಡ ಇಲ್ಲದ ಬಾಯಿ, ಆದರೆ ಅವನಪ್ಪ ತಡದವನಾಗಿದ್ದನಂತೆ, ಅದಕ್ಕೆ ನಮ್ಮಂಥವರ ಕೇಸು ಹಿಡಿಯುತ್ತಿದ್ದ. "ನೋಡು ಗೂಳಪ್ಪ, ನಾವು ಗೆಲ್ಲೋದು ಒಂದ ಮಾತಿನ ಮ್ಯಾಲ. ಲೋಟ ನೀ ಬೋರಲು ಹಾಕಲಿಲ್ಲ. ಅದನ್ನ ದುರಗವ್ವ ಬಂದು ಹೇಳಬೇಕು. ಹೇಳತಾಳೇನು?" ಎಂದ. ನಾನು ಅವಳನ್ನು ಕೇಳಲು ಹೋಗಲಿಲ್ಲ. ಹೇಳಿದರೆ ಅವಳ ಗತಿ ಏನಾಗುತ್ತದೆಂದು ನನಗೆ ತಿಳಿಯದೇ? ಅವಳೇ ನಮ್ಮ ಮನೆಗೆ ಬಂದಳು. ನೀಲವ್ವ ಎಷ್ಟು ಬೇಡವೆಂದರೂ, "ಲೋಟ ಬೋರಲ ಹಾಕಿದ ಕೈ ನಂದವಾ. ಸುಮ್ನ ಇದ್ರ ಆ ಕೈಲೆ ಉಣ್ಣಾಕ ಆಗಂಗಿಲ್ಲ" ಎಂದಳು.

ಜಡ್ಜ್ ಯಶೋದಾ ನಾಡಗೌಡ ಎಂಬ ಹೆಂಗಸು. ಬಿಳಿ ಕೂದಲು, ಸಣ್ಣ ದನಿ. ಅವರ ಬಗ್ಗೆ ನಾನು ಕೆಟ್ಟದ್ದು ಹೇಳಬೇಕೆಂದು ಎಷ್ಟು ಹುಡುಕಿದರೂ ವಿಚಾರಣೆ ನಡೆಸಿದ್ದರಲ್ಲಿ ಒಂದೂ ಸಿಗುವುದಿಲ್ಲ. ದುರಗವ್ವ ಕಟಕಟೆ ಹತ್ತಿದಳು. ಅವಳ ತಡ ಹಾಲು ಉಕ್ಕುವಷ್ಟು. ಪತ್ತಾರ ವಕೀಲ ಈಗ ಕಂಪನಿ ಪರವಾಗಿ ನಿಂತಿದ್ದ. "ನೊಣ ಬಿತ್ತು ಅಂತೀಯಲ್ಲವಾ, ಆ ನೊಣ ಸತ್ತಿತ್ತೋ ಬದುಕಿತ್ತೋ?" ಎಂದು ಕೇಳಿ ತನ್ನ ಜಾಣತನಕ್ಕೆ ತಾನೇ ನಕ್ಕ. ಹಾಲು ಉಕ್ಕುವ ಹೊತ್ತು ಕಳೆದು ಅವಳ ಉತ್ತರ ಬಂತು: "ಬದುಕಿತ್ರಿ ಸಾಹೇಬ್ರ. ನಿಮ್ಮಂಗ ಅವಸರದಾಗಿತ್ತು, ನಾ ಲೋಟ ಎತ್ತಿದ ಕೂಡಲೆ ಎದ್ದ ಹೋತು." ಕೋರ್ಟೆಲ್ಲ ನಕ್ಕಿತು. ಜಡ್ಜರೂ ತುಟಿ ಬಿಗಿಹಿಡಿದದ್ದನ್ನು ನಾನು ನೋಡಿದೆ. ಖಾಲಿ ಕೋಣೆಯಲ್ಲಿ ನನ್ನ ಮಾತು ಬಂದದ್ದನ್ನು, ತಾನು ಕೇಳಿದ್ದನ್ನು ಅವಳು ಬಿಡದೆ ಹೇಳಿದಳು. ಮ್ಯಾನೇಜರ್ ಶೇಷಗಿರಿ ಹಿಂದಿನ ಬೆಂಚಿನಲ್ಲಿ ಕೂತು ಅವಳನ್ನೇ ನೋಡುತ್ತಿದ್ದ.

ಆಮೇಲೆ ಜಡ್ಜರು, "ಕಂಪನಿ ಕೇಳದೆ ಬಿಟ್ಟಿದ್ದನ್ನು ನಾನು ಕೇಳುತ್ತೇನೆ" ಎಂದರು. ಜವಾನನನ್ನು ಕರೆಯದೆ ತಾವೇ ಕೆಳಗಿಳಿದು ಬಂದು ನನ್ನ ಮುಂದೆ ನೀರಿನ ಲೋಟ ಇಟ್ಟರು. ಫ್ಯಾನಿನ ಸದ್ದು ಅಡ್ಡ ಬರುತ್ತದೆಂದು ಫ್ಯಾನ್ ನಿಲ್ಲಿಸಿದರು. ಬೇರೆ ಕೇಸಿನವರನ್ನು ಹೊರಗೆ ಕೂರಿಸಿದರು. ನಾನು ಹೇಳಿದೆ. ಅನ್ನ ಬೇಯುವಷ್ಟು ಹೊತ್ತು ಆ ದೊಡ್ಡ ಕೋಣೆಯಲ್ಲಿ ಯಾರೂ ಪಿಟ್ಟೆನ್ನಲಿಲ್ಲ. ಪತ್ತಾರ ವಕೀಲ ಆಕಳಿಸಿದ್ದಕ್ಕೆ ಅವರು ಬರೀ ಕಣ್ಣಲ್ಲೇ ಗದರಿಸಿದರು. ಮಾತು ಬಂದಾಗ ಕಣ್ಣು ಮುಚ್ಚಿ ಕೇಳಿದರು. ಒಂದು ಕಡೆ ಯಾವುದೋ ಲಾರಿ ಹಾರ್ನು ಹೊಡೆದು ನನ್ನ ಮಾತು ಮುಚ್ಚಿಹೋಯಿತು. "ಆ ಭಾಗ ಮತ್ತೊಮ್ಮೆ ಹೇಳಿ ಗೂಳಪ್ಪನವರೇ, ನಾನು ಕಾಯುತ್ತೇನೆ" ಎಂದರು. ಮತ್ತೊಮ್ಮೆ ಅನ್ನ ಬೇಯುವಷ್ಟು ಹೊತ್ತು ಕಾದರು. ಹುಟ್ಟಿದಾಗಿನಿಂದ ನನ್ನ ತಾಯಿ ಕೂಡ ನನ್ನ ಮಾತನ್ನು ಅಷ್ಟು ಚೆನ್ನಾಗಿ ಕೇಳಿರಲಿಲ್ಲ. ಕೊನೆಗೆ ನೀರು ಕುಡಿದು ಲೋಟವನ್ನು ನನ್ನ ಕೈಯಾರೆ ಬೋರಲು ಹಾಕಿದೆ. ಹೊರಗೆ ಬಂದು ಮಕಾನದಾರನಿಗೆ, ಈ ತಾಯಿ ನನ್ನನ್ನು ಕೈಬಿಡುವುದಿಲ್ಲ ಎಂದೆ. ಅವನು ಅಡಿಕೆ ಅಗಿಯುತ್ತ ನಿಂತಿದ್ದು ನನ್ನ ಮಾತು ಬಂದ ಮೇಲೆ, "ನೋಡೂಣು" ಎಂದಷ್ಟೇ ಅಂದ. ಅವನಿಗೆ ಗೊತ್ತಿತ್ತೋ ಏನೋ.

ತೀರ್ಪಿನ ದಿನ ನೀಲವ್ವ ಹೊಸ ಕುಪ್ಪಸ ತೊಟ್ಟು ಬಂದಳು. ದುರಗವ್ವ ಅರ್ಧ ದಿನ ರಜೆ ಹಾಕಿ ಬಂದಳು. ಜಡ್ಜರು ಓದತೊಡಗಿದರು. ಕಾರ್ಖಾನೆಯ ವಿಚಾರಣೆ ನ್ಯಾಯವಾಗಿ ನಡೆದಿಲ್ಲ ಎಂದರು. ಲೋಟವನ್ನು ಗೂಳಪ್ಪ ಬೋರಲು ಹಾಕಿಲ್ಲ, ದುರಗವ್ವನ ಮಾತನ್ನು ನಾನು ಪೂರ್ತಿ ನಂಬುತ್ತೇನೆ ಎಂದರು. ಒಬ್ಬ ಮನುಷ್ಯನ ಮಾತು ಬರುವ ಮೊದಲೇ ಎದ್ದು ಹೋಗುವುದೆಂದರೆ ಅವನ ಬಾಯಿಗೆ ಮಣ್ಣು ಹಾಕಿದಂತೆ ಎಂದರು. ಎಂಥ ಮಾತು! ನೀಲವ್ವ ನನ್ನ ಮೊಣಕೈ ಚಿವುಟಿದಳು. ಅಷ್ಟರಲ್ಲಿ ಜಡ್ಜರು ಪುಟ ತಿರುವಿ, "ಆದರೂ" ಎಂದರು.

ಆದರೂ. ಮೂರೇ ಅಕ್ಷರ. ಅದರಾಚೆಗೆ ಬಂದದ್ದೆಲ್ಲ ಅದೇ ಸಣ್ಣ ದನಿಯಲ್ಲಿ, ಅದೇ ಮರ್ಯಾದೆಯಲ್ಲಿ ಬಂತು. ಕಂಪನಿ ಮಾಡಬೇಕಿದ್ದ ಕೆಲಸವನ್ನು ಈ ಕೋರ್ಟು ಮಾಡಿದೆ, ಗೂಳಪ್ಪನವರ ಮಾತನ್ನು ಕೊನೆಯ ಅಕ್ಷರದವರೆಗೆ ಕೇಳಿದೆ, ಆದ್ದರಿಂದ ಇದ್ದ ಕೊರತೆ ತುಂಬಿಹೋಗಿದೆ. ಅಂದು ಇದನ್ನೆಲ್ಲ ಕೇಳಿದ್ದರೂ ಕಂಪನಿ ಬೇರೆ ತೀರ್ಮಾನಕ್ಕೆ ಬರುತ್ತಿತ್ತೆಂದು ಹೇಳಲು ಬರುವುದಿಲ್ಲ. ಗ್ಯಾಸು ಸೋರಿದ್ದು ನಿಜವೇ ಇರಬಹುದು, ಆದರೆ ಗುಂಡಿಯಲ್ಲಿದ್ದವನೇ ವಾಸನೆ ಬರಲಿಲ್ಲ ಎನ್ನುತ್ತಾನೆ. ಬೈದದ್ದನ್ನು ಗೂಳಪ್ಪನವರೇ ಒಪ್ಪಿದ್ದಾರೆ. ಕೆಲಸಕ್ಕೆ ಮರಳಿ ತೆಗೆದುಕೊಳ್ಳಿ ಎಂದು ಹೇಳುವುದು, ಬಿಡುವುದು ಈ ಕೋರ್ಟಿನ ವಿವೇಚನೆಗೆ ಬಿಟ್ಟದ್ದು. ಮ್ಯಾನೇಜರರಿಗೂ ಇವರಿಗೂ ನಡುವೆ ನಂಬಿಕೆ ಹೋಗಿರುವಾಗ ಒಂದೇ ಸೂರಿನ ಕೆಳಗೆ ತರುವುದು ವಿವೇಚನೆಯಲ್ಲ. ಕೆಲಸದಿಂದ ತೆಗೆದದ್ದನ್ನು ಎತ್ತಿಹಿಡಿಯಲಾಗಿದೆ. ಇಷ್ಟು ಹೇಳಿ, ಕನ್ನಡಕ ಸರಿಮಾಡಿಕೊಂಡು, ಇಂಥ ಅನ್ಯಾಯ ಇನ್ನೊಬ್ಬರಿಗೆ ಆಗಬಾರದಾದ್ದರಿಂದ ಇನ್ನು ಮುಂದೆ ಎಲ್ಲ ವಿಚಾರಣೆಗಳಲ್ಲೂ ಲೋಟದ ಮೇಲೆ ನೊಣ ಬೀಳದಂತೆ ಮುಚ್ಚಳ ಇಡತಕ್ಕದ್ದು ಎಂದು ಅಪ್ಪಣೆ ಮಾಡಿದರು.

ನಾನು ಬೈಯಬೇಕಿತ್ತು. ಅವರು ಕಾಯುತ್ತಿದ್ದರು ಕೂಡ, "ಏನಾದರೂ ಹೇಳುವುದಿದೆಯೇ?" ಎಂದು ಕೇಳಿ ಪೆನ್ನು ಕೆಳಗಿಟ್ಟು ಕೂತರು. ನನ್ನ ಬಾಯಿಗೆ ಒಂದು ಮಾತೂ ಬರಲಿಲ್ಲ. ಕಾಯುವವರ ಮುಂದೆ ಏನು ಹೇಳುವುದು? ಎದ್ದು ಹೋದವನ ತೋಳನ್ನಾದರೂ ಹಿಡಿಯಬಹುದಿತ್ತು. ಹೊರಗೆ ಮೆಟ್ಟಿಲ ಮೇಲೆ ಮಕಾನದಾರ ಅಡಿಕೆ ಉಗಿದು, "ಕಾಯ್ದೆ ಪ್ರಕಾರ ನಾವು ಗೆದ್ದೇವಿ ಗೂಳಪ್ಪ" ಎಂದ. ನೀಲವ್ವ ಕೇಳಿದಳು, "ಹಂಗಾರ ನಾಳೆ ಕೆಲಸಕ್ಕ ಹೋಗ್ಬೇಕೇನ್ರಿ ಇವ್ರು?" ಅವನು ಇನ್ನೊಂದು ಅಡಿಕೆ ಬಾಯಿಗೆ ಹಾಕಿಕೊಂಡು ಬೀದಿ ನೋಡಿದ.

ಮುಚ್ಚಳ ಮಾತ್ರ ಬಂತು. ತಗಡಿನವರಿಗೆ ಸುಗ್ಗಿಯೋ ಸುಗ್ಗಿ. ಕಾರ್ಖಾನೆಗೆ, ಬ್ಯಾಂಕಿಗೆ, ಸಾಲೆಗೆ, ಎಲ್ಲ ಕಡೆ ಲೋಟಕ್ಕೆ ಮುಚ್ಚಳ. ತೀರ್ಪಿಗೆ ನನ್ನ ಹೆಸರಿತ್ತಲ್ಲ, ಜನ ಆ ಮುಚ್ಚಳಕ್ಕೇ ನನ್ನ ಹೆಸರಿಟ್ಟರು. ಬೀಗರ ಮನೆಯಲ್ಲಿ, "ಏ ಹುಡುಗಿ, ಲೋಟಕ್ಕ ಗೂಳಪ್ಪನ ಹಾಕ" ಎನ್ನುತ್ತಾರೆ. ಪಾತ್ರೆ ಅಂಗಡಿಯಲ್ಲಿ ದೊಡ್ಡ ಗೂಳಪ್ಪ, ಸಣ್ಣ ಗೂಳಪ್ಪ ಎಂದು ಎರಡು ಅಳತೆ. ವಕೀಲಿಕೆ ಕಲಿಯುವ ಮಕ್ಕಳು ನನ್ನ ಕೇಸು ಬಾಯಿಪಾಠ ಮಾಡುತ್ತಾರಂತೆ. ಒಂದು ದಿನ ಬಸ್ ನಿಲ್ದಾಣದಲ್ಲಿ ನನ್ನ ತಲೆಯ ಮೇಲೆ ಟ್ರಂಕು ಹೊರಿಸಿದ ಯಾವನೋ ಕರಿಕೋಟಿನವನು ನನ್ನ ಹೆಸರು ಕೇಳಿ, "ಓಹೋ, ನೀವೇ ಏನು ಆ ಗೂಳಪ್ಪ! ತಡದವರ ಪಾಲಿಗೆ ದೊಡ್ಡ ಉಪಕಾರ ಮಾಡಿದಿರಿ" ಎಂದು ಕೈ ಜೋಡಿಸಿದ. ನಾನು ಅವನಿಗೆ ಕೊಟ್ಟ ಉತ್ತರ ಅವನ ಬಸ್ಸು ಹೋದ ಮೇಲೆ ಬಂತು. ಅಲ್ಲಿದ್ದ ಹಮಾಲರು ಕೇಳಿ ಚಪ್ಪಾಳೆ ತಟ್ಟಿದರು. ಹೌದು, ನಾನೀಗ ಹಮಾಲ. ಬರ್ಫದ ಕಾರ್ಖಾನೆಯ ಗೋಡೆ ಆ ನಿಲ್ದಾಣಕ್ಕೆ ಹತ್ತಿಕೊಂಡೇ ಇದೆ. ಮೆಷಿನ್ನಿನ ಬಡಿತ ದಿನವೂ ಕೇಳುತ್ತದೆ. ಬಲಗಡೆಯ ಬೇರಿಂಗ್ ಹೋಗಿದೆ, ಯಾರೂ ನೋಡುವವರಿಲ್ಲ.

ಮೊನ್ನೆ ಮಧ್ಯಾಹ್ನ ದುರಗವ್ವ ನನ್ನನ್ನು ಹುಡುಕಿಕೊಂಡು ಬಂದಳು. ನಾನು ಗೋಣಿಚೀಲಗಳ ನೆರಳಿನಲ್ಲಿ ಕೂತಿದ್ದೆ. ಎದುರಿಗೆ ಕೂತು ಸೆರಗಿನಿಂದ ಕತ್ತು ಒರೆಸಿಕೊಂಡಳು. ಹಾಲು ಉಕ್ಕುವಷ್ಟು ಹೊತ್ತಿಗೆ ಅವಳ ಮಾತು ಬಂತು.

"ನನ್ನ ತಗದ್ರು ಅಣ್ಣಾ. ಚಹಾದ ಸಕ್ಕರಿ ಕದ್ದೆ ಅಂತ. ಆದ್ರ ಏನರ ಹೇಳು, ಭಾಳ ಚೆಂದಗೆ ತಗದ್ರು. ಕುರ್ಚಿ ಮ್ಯಾಲ ಕುಂದ್ರಿಸಿದ್ರು. ಲೋಟ ಇಟ್ರು, ಮ್ಯಾಲ ಮುಚ್ಚಳಾ ಇಟ್ರು. ನಾ ಏನೇನ ಹೇಳಿದ್ನೋ ಎಲ್ಲಾ ಬರೂತನಾ ಕಾದ್ರು. ಮ್ಯಾನೇಜರ ಒಂದ ಸಲಾನೂ ಗಡಿಯಾರ ನೋಡಲಿಲ್ಲ. ನಾನ ನನ್ನ ಕೈಲೆ ಲೋಟ ಬೋರಲ ಹಾಕೀನಿ. ಆಮ್ಯಾಲ ಮೇಜಿನ ಖಾನೆದಾಗಿಂದ ಕಾಗದಾ ತಗದು ಕೊಟ್ರು. ಮೊದಲ ಟೈಪ್ ಮಾಡಿ ಇಟ್ಟಿದ್ರು." ಹೇಳಿ ನಕ್ಕಳು. ನಗು ಅರ್ಧಕ್ಕೇ ನಿಂತಿತು.

ಅವಳು ಮುಂದಕ್ಕೆ ಬಗ್ಗಿದಳು. ಮಾತು ಬರಲು ಕಾದೆ.

"ನಾ ಕೋರ್ಟಿಗೆ ಹೋಗ್ಲ್ಯಾ ಅಣ್ಣಾ? ನಿಂದು ಬ್ಯಾರೆ, ನೀ ಬೈದಿದ್ದಿ. ನಾ ಯಾರಿಗೂ ಏನೂ ಅಂದಿಲ್ಲ. ಆ ಜಡ್ಜ್ ಬಾಯಾರು ಅವತ್ತ ಎಲ್ಲಾರ ಮುಂದ ಬಾಯಿಬಿಟ್ಟ ಹೇಳಿದ್ರಲ್ಲ, ದುರಗವ್ವನ ಮಾತು ಪೂರ್ತಿ ನಂಬ್ತೇನಿ ಅಂತ. ನಂಬಿದಾರು ಕೈಬಿಡ್ತಾರೇನು? ನೀ ಹೇಳು. ನೀ ಹೋಗಂದ್ರ ಹೋಗ್ತೇನಿ, ಬ್ಯಾಡಂದ್ರ ಬಿಡ್ತೇನಿ. ಬಿಟ್ರ ಮುಂದ ಏನ್ ಮಾಡ್ಲಿ ಅಂಬೂದ ಮಾತ್ರ ಗೊತ್ತಿಲ್ಲ ನನಗ."

ನನ್ನ ಸಿಟ್ಟು ನೆತ್ತಿಗೇರಿತು. ಹೇಳಿಬಿಟ್ಟೆ. ಹೋಗಬೇಡ ಎಂದೆ. ಅಲ್ಲಿ ನಿನಗೆ ಕುರ್ಚಿ ಕೊಡುತ್ತಾರೆ, ನೀರು ಕೊಡುತ್ತಾರೆ, ಫ್ಯಾನ್ ನಿಲ್ಲಿಸಿ ನಿನ್ನ ಕಡೇ ಉಸಿರಿನವರೆಗೂ ಕೇಳುತ್ತಾರೆ, ಕೇಳಿದ ಮೇಲೆ ಆದರೂ ಎನ್ನುತ್ತಾರೆ ಎಂದೆ. ನಿನ್ನನ್ನು ನಂಬುತ್ತಾರೆ, ನಂಬಿಯೇ ಬೀದಿಗೆ ಹಾಕುತ್ತಾರೆ, ನಿನ್ನ ಹೆಸರಿನಲ್ಲಿ ಇನ್ನೇನೋ ಒಂದು ತಗಡು ಮಾಡಿಸುತ್ತಾರೆ ಎಂದೆ. ನನಗಾಗಿ ಬಾಯಿಬಿಟ್ಟು ನೀನು ಕೆಟ್ಟೆಯಲ್ಲೇ ಹುಚ್ಚಿ ಎಂದೂ ಅಂದೆ.

ಅವಳು ನನ್ನ ತುಟಿ ನಿಂತದ್ದನ್ನು ನೋಡಿ, ಕಾಯಲು ಸರಿಯಾಗಿ ಕಾಲು ಮಡಚಿ ಕೂತಳು. ಬುತ್ತಿ ಬಿಚ್ಚಿ ರೊಟ್ಟಿ ಮುರಿದು ಅರ್ಧ ನನಗೆ ಕೊಟ್ಟಳು. ತಿನ್ನುತ್ತ ತಿನ್ನುತ್ತ ಅವಳ ಮುಖ ಬೆಳಗತೊಡಗಿತು. ಜಡ್ಜರು ತನ್ನನ್ನು ಗುರುತು ಹಿಡಿಯುತ್ತಾರೋ ಇಲ್ಲವೋ ಎಂದಳು. ಅವತ್ತು ನೊಣದ ಮಾತಿಗೆ ಅವರು ನಗು ತಡೆದದ್ದನ್ನು ನೆನೆದಳು. ಇರುವುದರಲ್ಲಿ ಒಳ್ಳೆಯ ಸೀರೆ ಹಸಿರು, ಅದಕ್ಕೆ ಅಂಚು ಹೊಲಿಸಬೇಕು ಎಂದಳು. ನಾನು ರೊಟ್ಟಿ ಹಿಡಿದುಕೊಂಡು ಕೂತಿದ್ದೆ. ಇನ್ನು ಸ್ವಲ್ಪ ಹೊತ್ತಿಗೆ ಈ ಮುಖದ ಮೇಲೆ ನನ್ನ ಮಾತು ಬಂದು ಬೀಳುತ್ತದೆ. ಒಂದು ಅಕ್ಷರವನ್ನೂ ವಾಪಸು ತೆಗೆದುಕೊಳ್ಳುವಂತಿಲ್ಲ, ಒಂದು ಅಕ್ಷರವೂ ಸುಳ್ಳಲ್ಲ.

ಎದ್ದು ನಿಂತೆ. ಅವಳ ಬುತ್ತಿಯ ಗಂಟು ಎತ್ತಿಕೊಂಡು, ಮಕಾನದಾರನ ಆಫೀಸಿನ ಕಡೆಗೆ ಕೈ ಮಾಡಿ ತೋರಿಸಿದೆ. ಅವಳಿಗೆ ಗಾಬರಿಯಾಯಿತು. ಮಾತು ಬರುವ ಮೊದಲು ಏಳುವುದು ಅವಳಿಗೆ ಗೊತ್ತಿಲ್ಲ. "ಅಯ್ಯ, ಕುಂದ್ರಣ್ಣ, ನಿನ್ನ ಮಾತು ಇನ್ನೂ ಬಂದಿಲ್ಲ" ಎನ್ನುವ ಹಾಗೆ ಕೈಯಾಡಿಸಿದಳು. ನಾನು ಅವಳ ಮುಂಗೈ ಹಿಡಿದು ಎಬ್ಬಿಸಿದೆ. "ಹಂಗಾರ ಹೋಗು ಅಂತೀಯೇನು?" ಎಂದು ಕೇಳುವ ಹಾಗೆ ಅವಳು ಬಿಸಿಲಿಗೆ ಕಣ್ಣು ಕಿರಿದು ಮಾಡಿ ನನ್ನ ಮುಖ ನೋಡಿದಳು. ನಾನು ಅವಳನ್ನು ಎಳೆದುಕೊಂಡು ನಡೆದೆ. ಅವಳ ಚಪ್ಪಲಿಯ ಉಂಗುಟ 'ಫಟ್' ಎಂದು ಕಿತ್ತು ಬಂತು, ಆದರೂ ನಿಲ್ಲಲಿಲ್ಲ. ನನ್ನ ದನಿ ದೊಡ್ಡದು, ದೂರದವರೆಗೆ ಕೇಳುತ್ತದೆ. ಅದು ಬರುವುದರೊಳಗೆ ಬೀದಿಯ ತಿರುವು ದಾಟಬೇಕಿತ್ತು.